ಗೋದಾಬಾಯಿ ತಿಕ್ಕಿದ ಬಸವನಹುಳು

ಆ ಶನಿವಾರದ ಅನಾಹುತಕ್ಕೆಲ್ಲ ಕಾರಣ ಒಂದೇ. ಮೌನಪ್ಪ ಒಂದು ಬಸವನಹುಳುವಿನ ಚಿಪ್ಪನ್ನು ಹೆಂಡತಿಗೆ ತೋರಿಸಬೇಕೆಂದು ಆಸೆಪಟ್ಟು ಹಿಂದಿನ ಸಂಜೆ ಮನೆಗೆ ತಂದಿದ್ದ.

ತರಬಾರದಾಗಿತ್ತು. ಉಪ್ಪಲ್‌ನ ಒಂದು ಪ್ರಯೋಗಾಲಯದಲ್ಲಿ ಇಪ್ಪತ್ತಾರು ವರ್ಷದಿಂದ ಗಾಜಿನ ಭರಣಿ ತೊಳೆಯುತ್ತ, ಹಡಗಿನವರು ಕಡಲ ತಳದಿಂದ ಎತ್ತಿ ಕಳಿಸುವ ಕೆಸರನ್ನು ಜರಡಿ ಹಿಡಿಯುತ್ತ ಬಂದವನು ಅವನು. ಅಲ್ಲಿನ ಸಾಮಾನು ಯಾರ ಮನೆಗೂ ಹೋಗಕೂಡದೆಂದು ಹೊಸಬರಿಗೆ ಪಾಠ ಹೇಳುತ್ತಿದ್ದವನೂ ಅವನೇ. ಆದರೆ ಈ ಚಿಪ್ಪಿನ ಮಾತೇ ಬೇರೆ. ಬಂಗಾಳ ಕೊಲ್ಲಿಯಲ್ಲಿ ಒಂದು ಕಿಲೋಮೀಟರ್ ಆಳದಿಂದ ಬಂದ ಕೆಸರಿನ ಕೊನೆಯ ಬಕೆಟ್ಟಿನಲ್ಲಿ, ಇನ್ನೇನು ಚೆಲ್ಲಬೇಕು ಅನ್ನುವಾಗ, ಅದು ಅವನ ಕೈಗೆ ಸಿಕ್ಕಿತ್ತು. ಹೆಬ್ಬೆರಳುದ್ದ, ಕಂದು ಬಣ್ಣ, ತುದಿ ಚೂಪು. ಒಳಗಿನ ಹುಳುವನ್ನು ಬಿಡಿಸಿ ಸ್ಪಿರಿಟ್ಟಿನ ಭರಣಿಯಲ್ಲಿ ಇಟ್ಟಾಗಿತ್ತು.

ವಿಜ್ಞಾನಿ ಹರ್ಷದಾ ಮೇಡಂ ಬೆಳಗಾವಿ ಕಡೆಯವರು. ಅವರು ಎರಡು ತಿಂಗಳು ಅದನ್ನು ಹಿಂದೆ ಮುಂದೆ ತಿರುಗಿಸಿ ನೋಡಿ ಒಂದು ತೀರ್ಮಾನಕ್ಕೆ ಬಂದರು. ಇದರ ಬಳಗದವಕ್ಕೆಲ್ಲ ಚಿಪ್ಪಿನ ಸುತ್ತುಗಳ ಮೇಲೆ ಮಣಿ ಪೋಣಿಸಿದ ಹಾಗೆ ಗಂಟುಗಳ ಸಾಲಿರುತ್ತದೆ. ಇದೊಂದು ಮಾತ್ರ ನುಣುಪು. ಅಂದಮೇಲೆ ಇದು ಹೊಸ ಜಾತಿ. ಹುಡುಕಿಕೊಟ್ಟವನು ಮೌನಪ್ಪ, ಅದಕ್ಕೇ ಅವನ ಹೆಸರನ್ನೇ ಇಡುವುದು.

ಇದನ್ನು ಕೇಳಿದ ಮೌನಪ್ಪ ಹೊರಗೆ ಹೋಗಿ, ತೊಳೆದಿಟ್ಟಿದ್ದ ಹನ್ನೊಂದು ಭರಣಿಗಳನ್ನು ಮತ್ತೆ ತೊಳೆದ. ಅವನ ಹೆಸರು ಈವರೆಗೆ ಯಾವ ಬೋರ್ಡಿನ ಮೇಲೂ ಬಂದದ್ದಿಲ್ಲ. ಮನೆಯ ಕರೆಂಟ್ ಬಿಲ್ಲು ಸಹ ತೀರಿಹೋದ ಮಾವನ ಹೆಸರಿಗೇ ಬರುತ್ತಿತ್ತು. ಇನ್ನು ನಾಲ್ಕು ತಿಂಗಳಿಗೆ ನಿವೃತ್ತಿ. ತಾನು ಹೋದಮೇಲೂ ತನ್ನ ಹೆಸರು ಜಗತ್ತಿನ ಪುಸ್ತಕಗಳಲ್ಲಿ ಇರುತ್ತದೆ ಎಂದು ನೆನೆದಾಗಲೆಲ್ಲ ಅವನು ಮತ್ತೊಂದು ಭರಣಿ ಕೈಗೆತ್ತಿಕೊಳ್ಳುತ್ತಿದ್ದ.

ಶನಿವಾರ ಮೂರು ಗಂಟೆಗೆ ಚಿಪ್ಪನ್ನು ನಗರದ ಇನ್ನೊಂದು ತುದಿಯ ಮಾದಾಪುರದ ಒಂದು ಸ್ಕ್ಯಾನಿಂಗ್ ಕೇಂದ್ರಕ್ಕೆ ತಲುಪಿಸಬೇಕಿತ್ತು. ಮೇಡಂ ಅಲ್ಲಿಯೇ ಕಾದಿದ್ದು ಫೋಟೋ ತೆಗೆಸಿ, ಸೋಮವಾರ ಹೊಸ ಜಾತಿಯ ಬಗೆಗಿನ ಲೇಖನ ಕಳಿಸುವವರು. ಬೆಳಿಗ್ಗೆ ಪ್ರಯೋಗಾಲಯದಿಂದ ಒಯ್ಯಬೇಕಾದದ್ದನ್ನು ಮೌನಪ್ಪ ಶುಕ್ರವಾರ ಸಂಜೆಯೇ ಹತ್ತಿ ಹಾಸಿದ ಡಬ್ಬಿಗೆ ಹಾಕಿ, ಟಿಫಿನ್ ಚೀಲದಲ್ಲಿ ಇಟ್ಟುಕೊಂಡು ಹೊರಟ.

ಹೆಂಡತಿ ವಿಜಯಶ್ರೀ ಡಬ್ಬಿ ತೆರೆದು ನೋಡಿ, ಮೊದಲು ಕೇಳಿದ್ದು ಇದು ಏನು ತಿನ್ನುತ್ತದೆ ಎಂದು. ಮೌನಪ್ಪ ಹೆಮ್ಮೆಯಿಂದ ಬಿಡಿಸಿ ಹೇಳಿದ. ಅದು ಕಡಲಡಿಯ ಕತ್ತಲಲ್ಲಿ ಸದ್ದಿಲ್ಲದೆ ಕಾಯುತ್ತದೆ. ಅದರ ಹಲ್ಲು ಇಂಜೆಕ್ಷನ್ ಸೂಜಿಯಂತೆ ಟೊಳ್ಳು, ಒಳಗೆ ವಿಷ. ಹುಳ ಹತ್ತಿರ ಬಂದರೆ ಸಾಕು, ಚುಚ್ಚಿ, ಇಡಿಯಾಗಿ ನುಂಗುತ್ತದೆ.

"ಹುಳಾ ತಿನ್ನೋದಕ್ಕ ನಿಮ್ಮ ಹೆಸರು ಇಡಾಕತ್ತಾರೇನ್ರಿ?" ಎಂದಳು ವಿಜಯಶ್ರೀ. "ನಿಮಗ ಉಳ್ಳಾಗಡ್ಡಿ ಸುದ್ದಾ ಆಗಂಗಿಲ್ಲ."

ಆದರೂ ಡಬ್ಬಿಯನ್ನು ದೇವರ ಜಗುಲಿಯ ಪಕ್ಕದಲ್ಲೇ ಇಟ್ಟಳು. ಬೆಳಗಾಗುವುದರೊಳಗೆ ಸುದ್ದಿ ಮೂರೂ ಮಹಡಿಗೆ ಹಬ್ಬಿತು.

ಮೊದಲು ಕರೆ ಬಂದದ್ದು ಮೇಲಿನ ಮನೆಯ ಚನ್ನಬಸಪ್ಪನವರಿಂದ. ರಕ್ಷಣಾ ಕಾರ್ಖಾನೆಯೊಂದರಲ್ಲಿ ಮೂವತ್ತು ವರ್ಷ ದುಡಿದು ನಿವೃತ್ತರಾಗಿ, ಈಗ ಅಪಾರ್ಟ್‌ಮೆಂಟಿನ ಸಂಘಕ್ಕೆ ಕಾರ್ಯದರ್ಶಿಯಾಗಿದ್ದ ಅವರಿಗೆ ಯಾವ ವಿಷಯವೂ ತಮ್ಮ ಒಪ್ಪಿಗೆಯಿಲ್ಲದೆ ಮುಂದಕ್ಕೆ ಹೋಗಬಾರದು. ಈ ಪ್ರಾಣಿಗಳಿಗೆ ಎರಡೆರಡು ಹೆಸರಿರುತ್ತದೆ, ಮೊದಲನೆಯದು ಕುಲದ್ದು, ಎರಡನೆಯದು ಅದರ ಸ್ವಂತದ್ದು ಎಂದು ಮೌನಪ್ಪ ತಿಳಿಸಿದ. ಹಾಗಾದರೆ ಮೂರನೆಯದಾಗಿ ನಮ್ಮ ಅಪಾರ್ಟ್‌ಮೆಂಟಿನ ಹೆಸರನ್ನೂ ಸೇರಿಸಲು ಅರ್ಜಿ ಕೊಡೋಣ ಎಂದು ಅವರು ಪಟ್ಟು ಹಿಡಿದರು. ಆಗುವುದಿಲ್ಲ ಎಂದು ಒಪ್ಪಿಸುವಷ್ಟರಲ್ಲಿ ಎರಡು ಚಹಾ ಆಯಿತು, ಹನ್ನೆರಡು ಗಂಟೆಯೂ ಆಯಿತು.

ಕೆಳಗೆ ಬಂದು ನೋಡಿದರೆ ಡಬ್ಬಿಯಲ್ಲಿ ಹತ್ತಿ ಮಾತ್ರ ಇತ್ತು.

"ಗೋದಾಬಾಯಿ ಒಯ್ದಾರ್ರಿ," ಎಂದಳು ವಿಜಯಶ್ರೀ. "ಭಾಳ ಹೊಲಸಾಗೇತಿ ಅಂದ್ರು."

ಮೌನಪ್ಪ ಪಕ್ಕದ ಮನೆಗೆ ಓಡಿದ. ಪಕ್ಕದ ಮನೆಯ ಗೋದಾಬಾಯಿ ಬೀದರಿನವಳು. ಹೋದ ವರ್ಷ ಮೆಟ್ಟಿಲ ಮೇಲೆ ಜಾರಿಬಿದ್ದಾಗ ಮೌನಪ್ಪನೇ ಆಟೋದಲ್ಲಿ ಆಸ್ಪತ್ರೆಗೆ ಒಯ್ದು, ಮೂರು ದಿನ ಹೊರಗಿನ ಬೆಂಚಿನ ಮೇಲೆ ಕಾದಿದ್ದ. ಅಂದಿನಿಂದ ಆಕೆಯ ಕೃತಜ್ಞತೆಗೆ ಬ್ರೇಕೇ ಇರಲಿಲ್ಲ. ವಾರಕ್ಕೆರಡು ಸಲ ಶೇಂಗಾ ಹೋಳಿಗೆ ಬರುತ್ತಿತ್ತು. ಅವನ ಅಂಗಿಗೆ ಗಂಜಿ ಹಾಕಿ ಹಾಕಿ ರಟ್ಟು ಮಾಡಿದ್ದಳು. ಅವನ ತುಳಸಿಗೂ ತಾನೇ ನೀರು ಹಾಕಿ, ಬೇರು ಕೊಳೆಸಿದ್ದಳು.

ಈಗ ಆಕೆ ಬಾಲ್ಕನಿಯಲ್ಲಿ ಕೂತು ವಿಭೂತಿ, ಅಂಟವಾಳದ ನೊರೆ, ಹಳೆಯ ಹಲ್ಲುಬ್ರಷ್ಷು ಇಟ್ಟುಕೊಂಡು ಬೆಳ್ಳಿ ದೇವರುಗಳನ್ನು ತಿಕ್ಕುತ್ತಿದ್ದಳು. ಒಣಗಲಿಟ್ಟ ಗಣಪತಿ ಮತ್ತು ಅನ್ನಪೂರ್ಣೆಯ ನಡುವೆ ಕಡಲ ತಳದ ಬೇಟೆಗಾರ ಹಣೆಗೆ ಕುಂಕುಮ ಹಚ್ಚಿಸಿಕೊಂಡು ಕೂತಿದ್ದ. ಚಿಪ್ಪಿನ ಕಂದು ಬಣ್ಣವೆಲ್ಲ ಹೋಗಿ, ಹಾಲಿನ ಕೆನೆಯಂತೆ ಬಿಳಿ.

"ಹಿತ್ತಾಳಿಗೆ ಹಚ್ಚೋ ಹುಣಸೀಹಣ್ಣು ಹಚ್ಚಿಲ್ಲ ಅಣ್ಣಾರ," ಎಂದಳು ಗೋದಾಬಾಯಿ. "ಶಂಖ ಅಂದ್ರ ದೇವರ ಸಾಮಾನು, ಬೆಳ್ಳೀಗಿ ಮಾಡಿದಂಗ ಮಾಡೀನಿ. ನೀವು ನನಗ ಮಾಡಿದ್ದರ ಮುಂದ ಇದೇನು ದೊಡ್ಡದು?"

ಬೈಯಬೇಕೆಂದು ಬಾಯಿ ತೆರೆದ ಮೌನಪ್ಪನಿಂದ, ಇಪ್ಪತ್ತಾರು ವರ್ಷದ ರೂಢಿಯಂತೆ, ಭಾಳ ಉಪಕಾರ ಆತು ಎಂಬ ಮಾತೇ ಹೊರಟಿತು.

ಹಿಂದೆಯೇ ಬಂದಿದ್ದ ಚನ್ನಬಸಪ್ಪನವರು, ಗಟ್ಟಿಯಾದ ಚಹಾದ ಡಿಕಾಕ್ಷನ್‌ನಲ್ಲಿ ಅದ್ದಿದರೆ ಹಳೆಯ ಬಣ್ಣ ಬರುತ್ತದೆ ಎಂದು ಸಲಹೆ ಕೊಟ್ಟು, ತಾವೇ ಒಲೆ ಹಚ್ಚಲು ಹೋದರು. ವಿಜಯಶ್ರೀ ತುಳಸಿ ಕುಂಡದ ಮಣ್ಣು ತಂದಳು. ಮೌನಪ್ಪ ಇಬ್ಬರಿಂದಲೂ ಚಿಪ್ಪನ್ನು ಕಾಪಾಡಿ, ಕುಂಕುಮ ಒರೆಸಿ, ಡಬ್ಬಿಯನ್ನು ಎದೆಗವಚಿಕೊಂಡು ಮೆಟ್ರೋ ನಿಲ್ದಾಣಕ್ಕೆ ಓಡಿದ. ಅಲ್ಲಿ ತಪಾಸಣೆಯವನು ಡಬ್ಬಿ ತೆರೆದ. ವಿಭೂತಿಯ ವಾಸನೆ ಬಡಿಯುತ್ತಲೇ ಚಿಪ್ಪನ್ನು ಮುಟ್ಟಿ ಕಣ್ಣಿಗೊತ್ತಿಕೊಂಡು ಒಳಗೆ ಬಿಟ್ಟ.

ಮಾದಾಪುರದವರೆಗೂ ಮೌನಪ್ಪ ಸುಳ್ಳುಗಳನ್ನು ಜೋಡಿಸುತ್ತ ಹೋದ. ಒಂದೂ ನಿಲ್ಲಲಿಲ್ಲ. ಹೆಸರು ಹೋದರೂ ಹೋಗಲಿ, ಈ ವಯಸ್ಸಿನಲ್ಲಿ ನೌಕರಿಯಿಂದ ಹೊರಗೆ ಹಾಕದಿದ್ದರೆ ಸಾಕು ಅನಿಸಿತು.

ಹರ್ಷದಾ ಮೇಡಂ ಚಿಪ್ಪನ್ನು ಭೂತಗನ್ನಡಿಯ ಕೆಳಗಿಟ್ಟರು. ನೋಡಿದರು. ಮತ್ತೆ ನೋಡಿದರು.

"ಇದನ್ನ ಯಾರು ತೊಳದ್ರು?"

ಮೌನಪ್ಪನ ಧೈರ್ಯ ಅಲ್ಲಿಗೇ ಮುಗಿಯಿತು. "ನಾ ಅಲ್ಲರಿ ಮೇಡಂ. ತಿಂಥಣಿ ಮೌನೇಶ್ವರನ ಆಣಿ, ನಾ ಕೈ ಸೈತ ಹಚ್ಚಿಲ್ಲ. ಎಲ್ಲಾ ಬಾಜೂಮನಿ ಗೋದಾಬಾಯಿ ಮಾಡಿದ್ದು." ಮನೆಗೆ ಒಯ್ದದ್ದರಿಂದ ಹಿಡಿದು ಅಂಟವಾಳದವರೆಗೆ ಎಲ್ಲವನ್ನೂ ಒಪ್ಪಿಸಿ, ತನಗೂ ಆ ತಿಕ್ಕಾಟಕ್ಕೂ ಏನೇನೂ ಸಂಬಂಧವಿಲ್ಲವೆಂದು ಮತ್ತೆರಡು ಸಲ ಹೇಳಿದ.

ಮೇಡಂ ಬೈಯಲಿಲ್ಲ. ಅವನನ್ನು ಕರೆದು ಭೂತಗನ್ನಡಿಯಲ್ಲಿ ತೋರಿಸಿದರು. ಬಿಳಿ ಸುತ್ತುಗಳ ಮೇಲೆ ಸಾಲಾಗಿ, ಅಚ್ಚುಕಟ್ಟಾಗಿ, ಮಣಿಗಳಿದ್ದವು. ಎಷ್ಟೋ ಕಾಲದ ಕೆಸರು ಕುಳಿಗಳಲ್ಲಿ ಗಟ್ಟಿಯಾಗಿ ಕೂತು ಅವನ್ನು ಮುಚ್ಚಿತ್ತು. ಮೇಡಂ ಲ್ಯಾಪ್‌ಟಾಪಿನಲ್ಲಿ ಒಂದು ಹಳೆಯ ಚಿತ್ರ ತೆರೆದರು. ಅದೇ ಮಣಿ, ಅದೇ ಸುತ್ತು. ನೂರು ವರ್ಷಕ್ಕೂ ಹಿಂದೆ ಯಾರೋ ಪರದೇಶದವನು ಬರಿದಾದ ಒಂದು ಚಿಪ್ಪು ನೋಡಿ ಹೆಸರಿಟ್ಟು ಹೋಗಿದ್ದ. ಮೊದಲು ಇಟ್ಟ ಹೆಸರೇ ಕೊನೆತನಕ, ಅದು ಈ ವಿದ್ಯೆಯ ಕಾಯಿದೆ.

"ಇದು ಮಣಿ ಇರೋ ಬಳಗದ್ದ ಅಂತ ಹುಳದ ಹಲ್ಲು ಮೊದಲೇ ಹೇಳಿತ್ತು ಮೌನಪ್ಪಾರ, ನಾನೇ ಕೇಳಲಿಲ್ಲ," ಎಂದರು ಮೇಡಂ. ಅವರ ಕಣ್ಣು ಒದ್ದೆಯಾಗಿದ್ದವು. ಸೋಮವಾರ ಆ ಲೇಖನ ಹೋಗಿದ್ದರೆ ಜಗತ್ತಿನ ಬಸವನಹುಳು ಪಂಡಿತರೆಲ್ಲ ನಗುತ್ತಿದ್ದರು. ಈಗ ಹಾಗಲ್ಲ. ಈ ಜಾತಿಯ ಹುಳು ಮೈಸಮೇತ ಯಾರಿಗೂ ಸಿಕ್ಕಿರಲಿಲ್ಲ, ಇವರಿಗೆ ಸಿಕ್ಕಿದೆ. ಅದರ ಮೇಲೆಯೇ ಇನ್ನೂ ಒಳ್ಳೆಯ ಲೇಖನ ಆಗುತ್ತದೆ. ತಮ್ಮ ಮಾನ ಉಳಿಸಿದವರಿಗೆ ಅದರ ಕೊನೆಯಲ್ಲಿ ಹೆಸರು ಹಾಕಿ ಕೃತಜ್ಞತೆ ಸಲ್ಲಿಸಲೇಬೇಕು ಎಂದು ಅವರು ಪೆನ್ನು ತೆಗೆದರು.

ಮೌನಪ್ಪನಿಗೆ ಹೋದ ಜೀವ ಬಂದಂತಾಯಿತು. ಹುಳುವಿಗೆ ಇಲ್ಲದಿದ್ದರೇನು, ಕೊನೆಯ ಸಾಲಿನಲ್ಲಾದರೂ ಬಂದರೆ ಸಾಕು. ಅಂಗಿಯ ಕಾಲರು ಸರಿಮಾಡಿಕೊಂಡು ನೆಟ್ಟಗೆ ನಿಂತ.

"ಗೋದಾಬಾಯಿಯವರ ಪೂರಾ ಹೆಸರು ಏನ್ರಿ?"

"ಮೇಡಂ," ಎಂದ ಮೌನಪ್ಪ ಮೆಲ್ಲಗೆ, "ಮನೀಗಿ ಒಯ್ದಾಂವ ನಾನ ಅಲ್ಲೇನ್ರಿ?"

"ಅದನ್ನ ಬರದ್ರ ನಿಮ್ಮ ನೌಕರಿ ಉಳೀತೈತೇನು? ಪಿಂಚಣಿಗೂ ತ್ರಾಸ ಆಕೈತಿ. ಗೋದಾಬಾಯಿ ಹೆಸರಿನ ಬಾಜೂಕ ನಿಮ್ಮ ಹೆಸರು ಎಲ್ಲೆರ ಬಂದ್ರ, ಮನೀಗಿ ಒಯ್ದಾಂವ ಯಾರಂತ ಎಲ್ಲಾರಿಗೂ ಗೊತ್ತಾಕೈತಿ." ಮೇಡಂ ಎದ್ದು ಬಂದು ಅವನ ಎರಡೂ ಕೈ ಹಿಡಿದುಕೊಂಡರು. ಅವರ ದನಿಯಲ್ಲಿ ನಿಜವಾದ ಪ್ರೀತಿಯಿತ್ತು. "ನೀವು ಮಾಡಿದ ಉಪಕಾರ ನಾ ಸಾಯೂತನಾ ಮರಿಯಂಗಿಲ್ಲ. ಅದಕ್ಕ ನಾ ಮಾಡಬಹುದಾದ್ದು ಒಂದ ಐತಿ. ನಿಮ್ಮ ಹೆಸರು ಎಲ್ಲೂ, ಒಂದು ಕಡೀನೂ, ಬರದಂಗ ನೋಡ್ಕೋತೀನಿ."

ಇದೂ ಉಪಕಾರವೇ ಎಂಬುದು ಮೌನಪ್ಪನಿಗೆ ಚೆನ್ನಾಗಿ ಗೊತ್ತಿತ್ತು. ಮನಸಾರೆ ಕೈಮುಗಿದು, ಗೋದಾಬಾಯಿಯ ಗಂಡನ ಮನೆತನದ ಅಡ್ಡಹೆಸರನ್ನು ಮೇಡಂಗೆ ನಿಧಾನವಾಗಿ ಬರೆಸತೊಡಗಿದ.