ಮಜ್ಜಿಗೆಪಥದ ಮುನ್ನೂರ ಹದಿನೇಳು

ನಮ್ಮ ಸೋದರಮಾವನಿಗೆ ಸ್ವಂತದ್ದೊಂದು ಗ್ರಹವಿದೆ. ನಗಬೇಡಿ! ಪಹಣಿ ಇಲ್ಲ, ಖಾತೆ ಇಲ್ಲ, ಅಷ್ಟೇ. ಅದಿರುವುದು ನಿಮ್ಮ ಕ್ಷೀರಪಥದಲ್ಲಲ್ಲ, ಮಾವನೇ ಕಟ್ಟಿಕೊಂಡ ಮಜ್ಜಿಗೆಪಥದಲ್ಲಿ. "ಆಲು ನಮ್ ಯೋಗ್ಯತೆಗೆ ಎಲ್ಲಿ ಬತ್ತದ್ಲಾ? ನೀರ್ ಮಜ್ಜಿಗೆ ಸಾಕು" ಎನ್ನುತ್ತಾನೆ. ಗ್ರಹದ ಹೆಸರು ಮುನ್ನೂರ ಹದಿನೇಳು. ಇದೇನು ಮಾವಾ, ಕೈದಿಗೆ ಕೊಟ್ಟ ಹಾಗೆ ನಂಬರು ಅಂದರೆ, "ದೊಡ್ ದೊಡ್ ಇಜ್ಞಾನಿಗಳೂ ನಂಬರೇ ಇಕ್ಕೋದು, ತಿಳ್ಕೋ!"

ಮಾವ ಕೆಜಿಎಫ್‌ನ ಗಣಿಯಲ್ಲಿ ಟೋಕನ್ ಕೊಡುವ ಕಿಟಕಿಯಲ್ಲಿ ಕೂರುತ್ತಿದ್ದವನು. ಭೂಮಿಯೊಳಕ್ಕೆ ಇಳಿಯುವವರು ತಮ್ಮ ನಂಬರಿನ ಹಿತ್ತಾಳೆ ಬಿಲ್ಲೆಯನ್ನು ಅವನಿಂದ ಪಡೆಯಬೇಕು, ಮೇಲೆ ಬಂದಾಗ ವಾಪಸು ಕೊಡಬೇಕು. ಬಿಲ್ಲೆ ತೂಗುಹಾಕುವ ಬೋರ್ಡಿನಲ್ಲಿ ಮೊಳೆ ಖಾಲಿ ಇದ್ದರೆ ಆ ಮನುಷ್ಯ ಇನ್ನೂ ಕೆಳಗಿದ್ದಾನೆಂದು ಅರ್ಥ. ಈಗ ಗಣಿ ಮುಚ್ಚಿ ಎಷ್ಟೋ ವರ್ಷವಾಯಿತು. ಮಾವ ಮಾತ್ರ ಗಣಿಯವರು ಸಾಲಾಗಿ ಕಟ್ಟಿಸಿಕೊಟ್ಟ ಅದೇ ಲೈನ್ ಮನೆಯಲ್ಲಿದ್ದಾನೆ. ಗಾಳಿ ಬೀಸಿದರೆ, ಚಿನ್ನ ತೆಗೆದು ಉಳಿದದ್ದನ್ನು ಸುರಿದ ಸೈನೈಡ್ ದಿಬ್ಬದ ಬಿಳಿ ದೂಳು ಅನ್ನದ ತಟ್ಟೆಗೂ ಬರುತ್ತದೆ. ಅಂಥ ಜಾಗದಲ್ಲಿ ಕೂತವನಿಗೆ ಬೇರೆ ಗ್ರಹ ಬೇಕೆನಿಸಿದರೆ ತಪ್ಪೇನು, ಹೇಳಿ?

ಗ್ರಹದ ಭೂಗೋಳವನ್ನು ನಾನು ಕಲಿತದ್ದು ಬಂಗಾರಪೇಟೆಯ ಪಾನಿಪೂರಿ ಗಾಡಿಯ ಮುಂದೆ. ಮಾವ ಒಂದು ಪೂರಿಯನ್ನು ಎತ್ತಿಹಿಡಿದು ನೆತ್ತಿಯಲ್ಲಿ ತೂತು ಮಾಡಿದ. "ನೋಡ್ಲಾ, ನನ್ ಗ್ರಹ ಇಂಗೇ ಐತೆ. ಒಳಗೆಲ್ಲ ಪೊಳ್ಳು. ಜನ ಇರೋದು ಒಳಗೆ. ಕೆಳಗಿಂದ ನೋಡಿದ್ರೆ ಈ ತೂತೇ ಅವ್ರಿಗೆ ನಕ್ಷತ್ರ." ನಾನು ಬಾಯಿ ಬಿಟ್ಟುಕೊಂಡು ಕೇಳುತ್ತಿದ್ದೆ. ಹಿಂದೆ ನಿಂತವರು ಗೊಣಗತೊಡಗಿದರು. ಮಾವ ಗ್ರಹಕ್ಕೆ ನೀರು ತುಂಬಿಸಿ ಗುಳುಂ ಮಾಡಿದ!

ರಾಬರ್ಟ್‌ಸನ್‌ಪೇಟೆಯ ನಮ್ಮ ವಿಜ್ಞಾನದ ಮೇಷ್ಟ್ರು ಒಮ್ಮೆ ಅವನನ್ನು ತಡೆದು, "ಯಾವ ದೂರದರ್ಶಕದಲ್ಲಿ ನೋಡಿದಿರಿ?" ಎಂದು ಕೇಳಿದ್ದರು. ಮಾವ ಕನಿಕರದಿಂದ, "ನೀವೆಲ್ಲ ಮ್ಯಾಕ್ಕೇ ನೋಡ್ತೀರಲ್ಲಾ ಸಾ, ಅದೇ ತಪ್ಪು" ಎಂದು ಸೈಕಲ್ ಹತ್ತಿ ಹೋದ. ಮೇಷ್ಟ್ರು ಆ ದಿನ ನಮಗೆ ಪಾಠ ಮಾಡಲಿಲ್ಲ.

ಇಷ್ಟೆಲ್ಲ ಇದ್ದರೂ ಆ ಗ್ರಹದ ಕಾಲಮಾನ ಮಾತ್ರ ಶುದ್ಧ ಮೋಸ. ನಾನು ಒಂದನೇ ಕ್ಲಾಸಿನಲ್ಲಿದ್ದಾಗ, ಅಲ್ಲಿ ಒಂದು ಶಿಫ್ಟ್ ಅಂದರೆ ನಮ್ಮ ಹತ್ತು ವರ್ಷ ಅಂದಿದ್ದ. ಕಾಲೇಜು ಸೇರುವಾಗ ಅದು ಇಪ್ಪತ್ತಾಯಿತು. ನನ್ನ ಮದುವೆಯ ಹೊತ್ತಿಗೆ ಮೂವತ್ತು. ಆಮೇಲೆ ನಲವತ್ತು! "ಗ್ರಹ ನಿಧಾನ ಆಯ್ತಾ ಐತೆ, ನಾನೇನ್ ಮಾಡ್ಲಿ?" ನಾವೆಲ್ಲ ಹೊಟ್ಟೆ ಹಿಡಿದು ನಗುತ್ತಿದ್ದೆವು. ಅಮ್ಮ ಮಾತ್ರ ನಗದೆ ಒಳಗೆ ಹೋಗುತ್ತಿದ್ದಳು.

ಇನ್ನೊಂದು ಹುಚ್ಚು ಕೇಳಿ. ಅವನ ಗೋಡೆಯಲ್ಲಿ ಒಂದು ಖಾಲಿ ಮೊಳೆ. ಅದಕ್ಕೆ ಕ್ಯಾಲೆಂಡರನ್ನೂ ತಗುಲಿಸುವಂತಿಲ್ಲ. ಒಮ್ಮೆ ನಾನು ಒದ್ದೆ ಅಂಗಿ ನೇತುಹಾಕಿದ್ದಕ್ಕೆ, ಇರುವೆಗೂ ದಾರಿ ಬಿಡುವ ಆ ಮನುಷ್ಯ ನನ್ನ ಕೆನ್ನೆಗೆ ಬಾರಿಸಿದ. ಆಮೇಲೆ ತಾನೇ ಅತ್ತ.

ಮುನ್ನೂರ ಹದಿನೇಳು ನಮ್ಮಪ್ಪನ ಟೋಕನ್. ನನಗೆ ಆರು ವರ್ಷವಿದ್ದಾಗ ಕೆಳಗೆ ಬಂಡೆ ಸಿಡಿಯಿತು. ಅಪ್ಪನೂ ಮೇಲೆ ಬರಲಿಲ್ಲ, ಬಿಲ್ಲೆಯೂ ಬರಲಿಲ್ಲ. ಅಪ್ಪನನ್ನು ಕೇಳಿ ಅಳುತ್ತಿದ್ದ ನನ್ನನ್ನು ಸಮಾಧಾನ ಮಾಡಲು ಮಾವ ಗ್ರಹ ಹುಟ್ಟಿಸಿದ ಎಂದೇ ಇಷ್ಟು ವರ್ಷ ನಂಬಿದ್ದೆ.

ಕಳೆದ ತಿಂಗಳು, ಅಪ್ಪ ಕೆಳಗಿಳಿದು ಆ ನಲವತ್ತು ವರ್ಷ ತುಂಬಿತು. ಮಾವ ಉಸಿರಿಗೆ ಒದ್ದಾಡುತ್ತ ಮಲಗಿದ್ದ. ನನ್ನನ್ನು ನೋಡಿ, "ಸಿಫ್ಟು ಮುಗೀತು ಕಣ್ಲಾ. ಬಾವ ಬರ್ಲಿಲ್ಲ" ಎಂದ.

ಆಮೇಲೆ ತಾನೇ ಹೇಳಿದ. "ಅವತ್ತು ಸಿಫ್ಟಿನ ಸೈರನ್ ಆಗೋಗಿತ್ತು. ಕಿಟಕಿ ಮುಚ್ಚಿದ್ದೆ. ನಿಮ್ಮಪ್ಪ ಓಡ್ಬಂದ. ಸೈರನ್ ಆದ್ಮೇಲೆ ಯಾರ್ಗೂ ಕೊಡಂಗಿಲ್ಲ. ಒಂದಿನದ ಆಜರಿ ಓಯ್ತದಲ್ಲ, ಅಕ್ಕನ ಗಂಡ ಅಲ್ವಾ ಅಂತ ಕಿಟಕಿ ತೆಗ್ದೆ. ನಾನೇ ಕೊಟ್ಟೆ, ಈ ಕೈಯಾಗೆ."

ಸುಳ್ಳು ಹೇಳುವುದಿಲ್ಲ, ಒಂದು ಗಳಿಗೆ ನನಗೆ ಸಿಟ್ಟು ಬಂತು. ಕಿಟಕಿ ಮುಚ್ಚಿಯೇ ಇದ್ದಿದ್ದರೆ ಅಪ್ಪ ಬೈದುಕೊಂಡು ಮನೆಗೆ ಬರುತ್ತಿದ್ದ. ಆಮೇಲೆ ಮಾವನ ಕೈ ನೋಡಿದೆ. ಬರೀ ಮೂಳೆ, ಚರ್ಮ. ನಲವತ್ತು ವರ್ಷ ಈ ಮನುಷ್ಯ ಆ ಕಿಟಕಿಯಿಂದ ಎದ್ದೇ ಇರಲಿಲ್ಲ.

"ಮಾವಾ, ನಿನ್ನ ಲೆಕ್ಕ ತಪ್ಪು" ಎಂದೆ. "ಗ್ರಹ ಇನ್ನೂ ನಿಧಾನ ಆಗೈತೆ. ಒಂದು ಶಿಫ್ಟಿಗೆ ಈಗ ಐವತ್ತು."

ಅವನು ನನ್ನನ್ನೇ ದಿಟ್ಟಿಸಿದ. "ಯಾರ್ಲಾ ಅಳತೆ ಮಾಡಿದ್ದು?"

"ನಾನೇ. ಅಪ್ಪನ ಶಿಫ್ಟ್ ಮುಗಿದಿಲ್ಲ. ಮುಗಿದಿರೋದು ನಿಂದು. ಇನ್ಮೇಲೆ ಬೋರ್ಡು ನಾನು ನೋಡ್ಕೋತೀನಿ, ನೀನು ಮಲಕ್ಕೋ."

ಮಾವ "ಒದ್ದೆ ಅಂಗಿ ಆಕ್ಬೇಡ" ಎಂದು ಗೋಡೆ ಕಡೆ ಹೊರಳಿ ಕಣ್ಣು ಮುಚ್ಚಿದ.

ನಾನು ಎದ್ದು, ಆ ಖಾಲಿ ಮೊಳೆಯ ಮೇಲೆ ಕೂತಿದ್ದ ಬಿಳಿ ದೂಳನ್ನು ಒರೆಸಿದೆ.