ಓಳಿಂಬ ದೇಶದ ನಿಘಂಟು

ನಮ್ಮ ಸೋದರಮಾವನಿಗೆ ಒಂದು ಭಾಷೆ ಬಹಳ ಚೆನ್ನಾಗಿ ಬರುತ್ತಿತ್ತು. ಪ್ರಪಂಚದಲ್ಲಿ ಅವರೊಬ್ಬರಿಗೇ ಬರುತ್ತಿತ್ತು ಎಂಬುದಷ್ಟೇ ಅದರ ತೊಂದರೆ!

ಮಾವ ಹುಣಸೂರು–ಕೋಟೆ ಬಸ್ಸಿನಲ್ಲಿ ಕಂಡಕ್ಟರ್ ಆಗಿದ್ದರು. ಟಿಕೆಟ್ ಕೊಟ್ಟು ಮಿಕ್ಕ ಹೊತ್ತಿನಲ್ಲಿ ಕಿಟಕಿ ಪಕ್ಕ ಕೂತು ಓಳಿಂಬ ಎನ್ನುವ ದೇಶವೊಂದನ್ನು ಕಟ್ಟಿದರು. ಅದು ಎಲ್ಲಿದೆ ಎಂದು ಕೇಳಿದರೆ, “ಕಾಕನಕೋಟೆ ಕಾಡು ಮುಗ್ದಿರ್ತದೆ, ಕೇರಳ ಇನ್ನೂ ಶುರುವಾಗಿರಕ್ಕಿಲ್ಲ. ಅಲ್ಲೊಂದು ಸಂದಿ ಅದೆ ಕಣ್ಲಾ” ಎನ್ನುತ್ತಿದ್ದರು. ಆ ದೇಶಕ್ಕೆ ರಾಜನಿಲ್ಲ, ನಿಘಂಟೇ ರಾಜ. ಅದರಲ್ಲಿಲ್ಲದ ಮಾತನ್ನು ಯಾರೂ ಆಡುವಂತಿಲ್ಲ. ಮಳೆ ಎಂಬ ಪದವನ್ನು ಅದರಲ್ಲಿ ಸೇರಿಸುವವರೆಗೂ ಅಲ್ಲಿ ಒಂದು ಹನಿ ಮಳೆಯೂ ಬಿದ್ದಿರಲಿಲ್ಲವಂತೆ! ಅಂಥ ನಿಘಂಟನ್ನು ಬರೆಯುವ ಹೊಣೆ ನಮ್ಮ ಮಾವನ ಮೇಲೆ ಬಿದ್ದಿತ್ತು. ಹೊರಿಸಿದವರು ಯಾರು ಎಂದು ದಯವಿಟ್ಟು ಕೇಳಬೇಡಿ.

ಒಂದು ದಿನ ಬಸ್ಸಿನಲ್ಲಿ ಮೈಮರೆತು, “ಯಾರ್ರೀ ಟೊಂಬಿಲ! ಟೊಂಬಿಲ ಇಳಿಯೋರು ಬನ್ರೀ!” ಎಂದು ಕೂಗಿಬಿಟ್ಟರು. ಟೊಂಬಿಲ ಓಳಿಂಬದ ರಾಜಧಾನಿ. ಯಾರಾದರೂ ನಗಬೇಕಲ್ಲವೇ? ಊಹೂಂ. ಕೋಳಿ ಬುಟ್ಟಿ ಹಿಡಿದಿದ್ದ ಅಜ್ಜಿಯೊಬ್ಬಳು ಎದ್ದು ಇಳಿದೇಬಿಟ್ಟಳು! ಡ್ರೈವರ್ ಗಾಬರಿಯಿಂದ, “ಅಜ್ಜೀ, ನಿಮ್ದು ಯಾವ ಸ್ಟಾಪು?” ಎಂದರೆ, “ಇದೇ ಕಣಪ್ಪ” ಎಂದು ಹೊಲದ ದಾರಿ ಹಿಡಿದಳು. ಅಂದಿನಿಂದ ಮಾವನಿಗೆ ತಮ್ಮ ದೇಶದ ಮೇಲಿದ್ದ ನಂಬಿಕೆ ಎರಡು ಪಟ್ಟಾಯಿತು.

ನಾನು ಆ ನಿಘಂಟನ್ನು ಓದಿದ್ದೇನೆ. ಓದಿದ್ದೇನೆ ಅಂದರೆ, ಅದರೊಳಗೆ ಸುತ್ತಿ ಸುತ್ತಿ ತಲೆ ತಿರುಗಿ ಹೊರಗೆ ಬಂದಿದ್ದೇನೆ. ‘ಮಿಳ್ಳು: ಜೊಂಪಿ ಅಲ್ಲದ್ದು’ ಎಂದಿತ್ತು. ಜೊಂಪಿ ಹುಡುಕಿದೆ. ‘ಜೊಂಪಿ: ಮಿಳ್ಳು ಆಗದೆ ಉಳಿದದ್ದು!’ ನಿಘಂಟು ಎಂಬುದಕ್ಕೂ ಅದರಲ್ಲಿ ಒಂದು ಪದವಿತ್ತು. ಅದರ ಅರ್ಥ: ‘ನೀವೀಗ ಕೈಯಲ್ಲಿ ಹಿಡಿದಿರುವುದು. ಹಿಡಿದಿಲ್ಲವಾದರೆ ಈ ಅರ್ಥ ನಿಮಗಲ್ಲ.’

“ಮಾವ, ಒಂದೆರಡಕ್ಕಾದ್ರೂ ಕನ್ನಡದಲ್ಲಿ ನೆಟ್ಟಗೆ ಅರ್ಥ ಕೊಡಬಾರದಾ?” ಎಂದೆ.

“ಕನ್ನಡದ ನಿಗಂಟಲ್ಲಿ ಓಳಿಂಬದ ಅರ್ಥ ಕೊಟ್ಟವ್ರೇನ್ಲಾ? ಅವ್ರು ಮೊದ್ಲು ಕೊಡ್ಲಿ” ಎಂದರು.

ಅತ್ತೆಗೆ ಇದೆಲ್ಲ ಹಿಡಿಸುತ್ತಿರಲಿಲ್ಲ. ಒಂದು ಬೆಳಿಗ್ಗೆ ನೀರೊಲೆ ಹಚ್ಚಲು ಕಾಗದ ಸಿಗದೆ ನಿಘಂಟಿನ ಒಂದು ಹಾಳೆ ಕಿತ್ತು ಉರಿಸಿಬಿಟ್ಟರು. ನಾನು ಜಗಳ ನೋಡಲು ಸಜ್ಜಾಗಿ ಕೂತೆ. ಮಾವ ಅದೇ ಬಿಸಿನೀರಲ್ಲಿ ಸ್ನಾನ ಮಾಡಿ ಬಂದು ಹೊಸ ಪದವೊಂದನ್ನು ಬರೆದರು. ‘ಬುರುಂಗ: ಒಲೆಗೆ ಹೋದ ಪುಟದಲ್ಲಿದ್ದ ಪದಗಳಲ್ಲೊಂದು. ಯಾವುದೆಂದು ಈಗ ಯಾರಿಗೂ ತಿಳಿಯದು.’

ನಿವೃತ್ತಿಯಾದ ಮೇಲೆ ಅಚ್ಚು ಹಾಕಿಸುವ ಆಸೆ ಹುಟ್ಟಿತು. ಪೇಟೆಯಲ್ಲಿ ಮದುವೆ ಕಾರ್ಡು ಮಾಡುವ ಸಾಹೇಬರು ಕನ್ನಡಕ ಏರಿಸಿ ಮೊದಲ ಪುಟ ನೋಡಿದರು.

“ಕಂಡಕ್ಟ್ರೇ, ಇದ್ರಲ್ಲಿ ಮಿಸ್ಟೇಕ್ ಆದ್ರೆ ನಮಗೆ ಹೆಂಗೆ ಗೊತ್ತಾಗೋದು?”

“ಆಗ್ಲಿ ಬುಡಿ ಸಾಬ್ರೇ. ಅದೂ ಒಂದು ಪದ ಆಯ್ತದೆ.”

ಮಾದರಿ ಪುಟದಲ್ಲಿ ಎರಡು ತಪ್ಪುಗಳಿದ್ದವು. ಮಾವ ಖುಷಿಯಿಂದ ಎರಡಕ್ಕೂ ಅರ್ಥ ಕೊಟ್ಟು ನಿಘಂಟಿಗೆ ಸೇರಿಸಿಕೊಂಡರು. ಸಾಹೇಬರು ಮಾತ್ರ ಕೈಮುಗಿದು ನಿಘಂಟಿನ ನೋಟ್‌ಬುಕ್ಕುಗಳನ್ನೆಲ್ಲ ವಾಪಸು ಕೊಟ್ಟರು.

ಕಳೆದ ವರ್ಷ ಮಾವನಿಗೆ ಲಕ್ವ ಹೊಡೆಯಿತು. ಕೈಕಾಲು ನಿಧಾನವಾಗಿ ಚೇತರಿಸಿಕೊಂಡವು. ಮಾತು ಮಾತ್ರ ಕೆಟ್ಟುಹೋಯಿತು. ಬಾಯಿ ತೆರೆದರೆ ಏನೇನೋ ಶಬ್ದ. ನಾನು ನೋಟ್‌ಬುಕ್ಕುಗಳನ್ನೆಲ್ಲ ತೆಗೆದು ಆ ಶಬ್ದಗಳನ್ನು ಹುಡುಕಿದೆ. ಒಂದೂ ಸಿಗಲಿಲ್ಲ. ಅದು ಕನ್ನಡವೂ ಆಗಿರಲಿಲ್ಲ, ಓಳಿಂಬದ್ದೂ ಆಗಿರಲಿಲ್ಲ. ತಾವು ಹೇಳಿದ್ದು ಯಾರಿಗೂ ತಿಳಿಯುತ್ತಿಲ್ಲವೆಂದು ಮಾವ ಗೋಡೆ ಕಡೆ ತಿರುಗಿ ಅಳುತ್ತಿದ್ದರು.

ಮೊನ್ನೆ ಹೋದಾಗ ಅತ್ತೆ ಅವರ ಮಂಚದ ಪಕ್ಕ ಹೊಸ ನೋಟ್‌ಬುಕ್ಕು ಹಿಡಿದು ಕೂತಿದ್ದರು. ನಾಲ್ಕನೇ ಕ್ಲಾಸು ಓದಿದವರ ದಪ್ಪ ಅಕ್ಷರ. ‘ಗಿಜ: ಕುಡಿಯೋ ನೀರು. ಡಾವು: ಬ್ಯಾಡ. ಲೋಪಿ: ಕಿಟ್ಕಿ ತಗಿ.’

“ಮೂರು ದಿನ ಒಂದೇ ಸಮ ಲೋಪಿ ಲೋಪಿ ಅಂದ್ರು” ಎಂದರು ಅತ್ತೆ. “ಉಪ್ಪು ಕೊಟ್ಟೆ, ಟವಲ್ ಕೊಟ್ಟೆ, ಕ್ವಾಪ ಮಾಡ್ಕಂಡ್ರು. ಕಿಟ್ಕಿ ತಗದೆ ನೋಡು, ಸುಮ್ಕಾದ್ರು. ಬರ್ಕಂಡೆ.”

ಆರು ಪುಟ ತುಂಬಿತ್ತು. ಕೊನೆಯಲ್ಲಿ ‘ಮೆಯ್ಯಾ’ ಎಂಬುದರ ಮುಂದೆ ಮಾತ್ರ ಏನೂ ಇರಲಿಲ್ಲ.

“ಅದೊಂದು ಗೊತ್ತಾಗ್ನಿಲ್ಲ ಕಣಪ್ಪ. ನಾನು ಒಳೀಕ್ ಓಗಿ ವಾಪಸ್ ಬಂದಾಗ್ಲೆಲ್ಲ ಅಂತಾರೆ. ಏನ್ ತಂದ್ಕೊಟ್ರೂ ಬ್ಯಾಡ ಅಂತಾರೆ. ಏನ್ ಬೇಕೋ ಏನೋ! ಅದ್ಕೇ ಜಾಗ ಬುಟ್ಟಿವ್ನಿ. ನೀನು ಓದ್ದೋನು, ನಿಂಗೇನಾರ ಒಳೀತದಾ?”

ಪೆನ್ನು ನನ್ನ ಕೈಗೆ ಕೊಟ್ಟರು. ಅಷ್ಟರಲ್ಲಿ ಒಳಗೆ ಹಾಲು ಉಕ್ಕಿತು. ಅತ್ತೆ ಸೆರಗು ಸಿಕ್ಕಿಸಿಕೊಂಡು ಅಡುಗೆಮನೆಗೆ ಓಡಿದರು. ಮಾವ ದಿಂಬಿನಿಂದ ತಲೆ ಎತ್ತಿ, ಅವರು ಹೋದ ಬಾಗಿಲನ್ನೇ ನೋಡುತ್ತ ಕಾಯತೊಡಗಿದರು.