ಮೇಲಿನ ಮನೆಯ ಒಲ್ಲೆ

ನನಗೆ ಜಗಳವಾಡಲು ಬರುವುದಿಲ್ಲ. ಹೋಟೆಲಿನಲ್ಲಿ ದೋಸೆ ಕೇಳಿದಾಗ ಇಡ್ಲಿ ತಂದಿಟ್ಟರೆ, ಬೆಳಗಿನಿಂದ ಇಡ್ಲಿಯನ್ನೇ ಧ್ಯಾನಿಸುತ್ತಿದ್ದವನಂತೆ ಮುಖ ಮಾಡಿಕೊಂಡು ತಿಂದು ಏಳುವವನು ನಾನು. ಇಂಥವನಿಗೆ ಜಪಾನಿಗಿಂತ ಒಳ್ಳೆಯ ದೇಶ ಸಿಗದು ಎಂದು ನನ್ನ ಹೆಂಡತಿ ಸುಮಾ ಆಗಾಗ ಹೇಳುತ್ತಾಳೆ, ಹೊಗಳಲೆಂದು ಅಲ್ಲ. ಸಾಫ್ಟ್‌ವೇರ್ ಕಂಪನಿ ನನ್ನನ್ನು ಬೆಂಗಳೂರಿನಿಂದ ಕಾವಾಸಾಕಿಗೆ ಕಳಿಸಿದ್ದು ‘ಬ್ರಿಜ್ ಎಂಜಿನಿಯರ್’ ಎಂಬ ಹುದ್ದೆಯ ಮೇಲೆ. ನಾನು ಜಪಾನಿನಲ್ಲಿ ಸೇತುವೆ ಕಟ್ಟುತ್ತಿದ್ದೇನೆಂದು ನಮ್ಮ ನೆಂಟರು ಬಹಳ ಕಾಲ ನಂಬಿದ್ದರು. ಭೂಕಂಪದ ಸುದ್ದಿ ಬಂದಾಗಲೆಲ್ಲ ‘ನಿಂದು ಬೀಳಲಿಲ್ಲ ತಾನೇ?’ ಎಂದು ಚಿಕ್ಕಪ್ಪ ಫೋನು ಮಾಡಿ ವಿಚಾರಿಸುತ್ತಿದ್ದರು. ನಿಜದಲ್ಲಿ ನನ್ನ ಕೆಲಸ, ಇಲ್ಲಿಯ ಗ್ರಾಹಕರು ಮೃದುವಾಗಿ ಹೇಳಿದ್ದನ್ನು ಬೆಂಗಳೂರಿನವರಿಗೆ ಗಟ್ಟಿಯಾಗಿಯೂ ಬೆಂಗಳೂರಿನವರು ಗಟ್ಟಿಯಾಗಿ ಹೇಳಿದ್ದನ್ನು ಇಲ್ಲಿಯವರಿಗೆ ಮೃದುವಾಗಿಯೂ ಮುಟ್ಟಿಸುವುದು. ಎರಡೂ ಕಡೆಯವರು ನನ್ನನ್ನು ಒಳ್ಳೆಯವನೆನ್ನುತ್ತಾರೆ. ಯಾರೂ ನನ್ನ ಮಾತು ಕೇಳುವುದಿಲ್ಲ.

ಕೊರೊನಾ ಬಂದ ವರ್ಷ ನಮ್ಮ ಅತ್ತೆ ಗಿರಿಜಮ್ಮನವರು ಚೆರ್ರಿ ಹೂವು ನೋಡಲೆಂದು ತುಮಕೂರಿನಿಂದ ಬಂದರು. ಹೂವು ಅರಳಿತು, ಉದುರಿತು. ಅಷ್ಟರಲ್ಲಿ ವಿಮಾನಗಳೆಲ್ಲ ನಿಂತುಹೋದವು. ಕೆಲವು ವಾರಗಳ ಮಟ್ಟಿಗೆ ಬಂದ ಅತ್ತೆ ಎರಡು ಕೋಣೆಯ ನಮ್ಮ ಮನೆಯಲ್ಲಿ ಅನಿರ್ದಿಷ್ಟ ಕಾಲಕ್ಕೆ ಉಳಿದುಬಿಟ್ಟರು. ಅವರು ಸರ್ಕಾರಿ ಶಾಲೆಯ ಮುಖ್ಯೋಪಾಧ್ಯಾಯಿನಿಯಾಗಿ ನಿವೃತ್ತರಾದವರು. ಮಂಡಿ ನೋವಿನಿಂದ ಕುಂಟುತ್ತಿದ್ದರೂ ದನಿ ಕುಂಟಿರಲಿಲ್ಲ. ನನಗೂ ಆಫೀಸು ಮನೆಯಲ್ಲೇ. ಮೇಲೆ ಇಸ್ತ್ರಿ ಮಾಡಿದ ಶರಟು, ಕೆಳಗೆ ಚಡ್ಡಿ ಎಂಬ ಆ ಕಾಲದ ಸಾರ್ವತ್ರಿಕ ಸಮವಸ್ತ್ರದ ಭಾಗ್ಯ ಅಳಿಯನಾದ ನನಗಿರಲಿಲ್ಲ. ಅತ್ತೆ ಎದುರಿಗೆ ಕೂತು ಹುರುಳೀಕಾಯಿ ಸೋಸುತ್ತಿರುವಾಗ ಚಡ್ಡಿಯಲ್ಲಿ ಮೀಟಿಂಗು ಮಾಡುವುದು ಹೇಗೆ?

ಹಾಗಿರುವಾಗ ತಲೆಯ ಮೇಲೆ ಸದ್ದು ಶುರುವಾಯಿತು. ಧಡ್. ಸ್ವಲ್ಪ ಬಿಡುವು. ಮತ್ತೆ ಧಡ್. ಬೆಳಿಗ್ಗೆ ಒಂದು ಸರದಿ, ಮಧ್ಯಾಹ್ನ ನನ್ನ ಮೀಟಿಂಗಿನ ಹೊತ್ತಿಗೆ ಸರಿಯಾಗಿ ಇನ್ನೊಂದು ಸರದಿ. ನಮ್ಮ ಮೇಲಧಿಕಾರಿ ಹಯಾಶಿ ಸಾನ್, ಎಂದರೆ ಹಯಾಶಿಯವರು, ಪರದೆಯಲ್ಲಿ ತಲೆ ಓರೆ ಮಾಡಿ, ‘ನಿಮ್ಮ ಮನೆಯಲ್ಲಿ ಏನಾದರೂ ಕಟ್ಟಡದ ಕೆಲಸ ನಡೆಯುತ್ತಿದೆಯೇ?’ ಎಂದು ಬಹಳ ಸಂಕೋಚದಿಂದ ಕೇಳಿದರು. ‘ಸುಮಿಮಾಸೆನ್’, ಕ್ಷಮಿಸಿ, ಎಂದೆ, ಧಡ್ ಎನ್ನಿಸುತ್ತಿರುವವನು ನಾನೇ ಎಂಬಂತೆ. ಅತ್ತೆ ಮಾತ್ರ ಚಾವಣಿ ದಿಟ್ಟಿಸಿ, “ಯಾರೋ ಒನಕೇಲಿ ಕುಟ್ತಾ ಇದಾರೆ ಕಣೇ ಸುಮಾ. ಇಲ್ಲೂ ಅವಲಕ್ಕಿ ಮಾಡ್ತಾರಾ?” ಎಂದರು.

“ಹೋಗಿ ಹೇಳ್ಬಾರ್ದಾ?” ಎಂದಳು ಸುಮಾ. ಈ ದೇಶದಲ್ಲಿ ಹಾಗೆಲ್ಲ ನೇರವಾಗಿ ಹೇಳುವ ಪದ್ಧತಿಯಿಲ್ಲವೆಂದು ನಾನು ವಿವರಿಸಿ, ಕಟ್ಟಡ ನೋಡಿಕೊಳ್ಳುವ ಕಚೇರಿಗೆ ಫೋನು ಮಾಡಿದೆ. ಅವರು ಪದ್ಧತಿಯಂತೆಯೇ ಲಿಫ್ಟಿನಲ್ಲಿ ಒಂದು ಪ್ರಕಟಣೆ ಅಂಟಿಸಿದರು: ಎಲ್ಲರೂ ಮನೆಯಲ್ಲಿರುವ ಈ ದಿನಗಳಲ್ಲಿ ಎಲ್ಲರೂ ಹೆಜ್ಜೆಸದ್ದಿನ ಬಗ್ಗೆ ಗಮನವಿಡಬೇಕಾಗಿ ವಿನಂತಿ. ಯಾರ ಹೆಸರೂ ಇಲ್ಲ, ಯಾವ ಮನೆಯೂ ಇಲ್ಲ. ಅದನ್ನು ಓದಿದ ಮೇಲೆ, ಕೆಳಗಿನ ಮನೆಯವರು ನಮ್ಮ ಮೇಲೆಯೇ ದೂರು ಕೊಟ್ಟಿರಬಹುದೆಂಬ ಅನುಮಾನ ನನಗೆ ಹತ್ತಿತು. ನಾನು ಮನೆಯೊಳಗೆ ತುದಿಗಾಲಲ್ಲಿ ಓಡಾಡತೊಡಗಿದೆ. ಮೇಲಿನ ಸದ್ದು ಹಾಗೇ ಇತ್ತು.

ಅತ್ತೆಯವರ ತಾಳ್ಮೆ ಶಾಲೆಯ ಪಿರಿಯಡ್ಡಿನಷ್ಟೇ ಉದ್ದ. ಒಂದು ಬೆಳಿಗ್ಗೆ ಸೆರಗು ಸೊಂಟಕ್ಕೆ ಸಿಕ್ಕಿಸಿ, ಮಾಸ್ಕು ಏರಿಸಿ, ಕಂಬಿ ಹಿಡಿದುಕೊಂಡು ಮೆಟ್ಟಿಲು ಹತ್ತಿಯೇಬಿಟ್ಟರು. ಅಪಾಯ ಬಂದರೆ ಸುಮಿಮಾಸೆನ್ ಹೇಳಲು ಸಿದ್ಧನಾಗಿ ನಾನು ನಾಲ್ಕು ಮೆಟ್ಟಿಲು ಹಿಂದೆ. ಬಾಗಿಲು ತೆರೆದವನ ತಲೆ ಚೌಕಟ್ಟಿಗೆ ತಾಗುವಂತಿತ್ತು. ಹೊಂಬಣ್ಣದ ಗಡ್ಡ, ಬೆವರು, ಬಲಮಂಡಿಗೆ ಕಪ್ಪು ಪಟ್ಟಿ. ಅತ್ತೆ ಹೆಡ್‌ಮೇಡಂ ದನಿಯಲ್ಲಿ, “ವಾಟ್ ಈಸ್ ಯುವರ್ ನೇಮ್?” ಎಂದರು.

“ಒಲ್ಲೆ.”

ಅತ್ತೆ ಬೆಚ್ಚಿ ನನ್ನ ಕಡೆ ತಿರುಗಿದರು. “ನೋಡಿದ್ರಾ ಅಳಿಯಂದ್ರೇ, ಹೆಸರು ಹೇಳೋಕೆ ಒಲ್ಲೆ ಅಂತಾನಲ್ಲ! ಇವನಿಗೆ ಕನ್ನಡ ಯಾರು ಕಲಿಸಿದ್ರು?”

ಅವನು ಎದೆಯ ಮೇಲೆ ಕೈಯಿಟ್ಟು ಮತ್ತೆ “ಒಲ್ಲೆ, ಒಲ್ಲೆ” ಎಂದ. ಸ್ವೀಡನ್ನಿನಲ್ಲಿ ಗಂಡುಮಕ್ಕಳಿಗೆ ಅದೊಂದು ಮಾಮೂಲಿ ಹೆಸರೆಂದು ತಿಳಿಯುವಷ್ಟರಲ್ಲಿ ಅತ್ತೆಯ ಅರ್ಧ ಕೋಪ ಇಳಿದಿತ್ತು. ಉಳಿದರ್ಧ ಅವನ ಮಂಡಿಯನ್ನು ನೋಡಿ ಇಳಿಯಿತು. “ಯುವರ್ ನೀ ಪ್ರಾಬ್ಲಂ?” ಎಂದರು. “ಯೆಸ್, ನೀ ಪ್ರಾಬ್ಲಂ,” ಎಂದ ಅವನು. “ಮೈ ನೀ ಆಲ್ಸೋ ಪ್ರಾಬ್ಲಂ!” ಎಂದರು ಅತ್ತೆ. ಕನ್ನಡದ ಕಿವಿಗೆ ಇಬ್ಬರೂ ‘ನೀನೇ ಪ್ರಾಬ್ಲಂ’ ಎಂದು ಬೈದಾಡುತ್ತಿರುವಂತೆ ಕೇಳುತ್ತಿತ್ತು. ಆದರೆ ನಾನು ಕೆಳಗಿಳಿದು ಮೀಟಿಂಗು ಮುಗಿಸಿ ಬರುವಷ್ಟರಲ್ಲಿ ಅವರಿಬ್ಬರೂ ಸ್ನೇಹಿತರಾಗಿದ್ದರು.

ಒಲ್ಲೆ ವೃತ್ತಿಯಿಂದ ಫುಟ್‌ಬಾಲ್ ಆಟಗಾರ. ಇಲ್ಲಿಯ ಒಂದು ಕ್ಲಬ್ಬಿನಲ್ಲಿ ಮಿಡ್‌ಫೀಲ್ಡರ್. ಮಂಡಿಯ ಒಳಗಿನ ನರವೋ ನಾರೋ ಹರಿದು ಚಳಿಗಾಲದಲ್ಲಿ ಆಪರೇಷನ್ ಆಗಿತ್ತು. ಕ್ಲಬ್ಬಿನ ಮೈದಾನಕ್ಕೆ ಬೀಗ ಬಿದ್ದಿದ್ದರಿಂದ ಪೆಟ್ಟಿಗೆಯೊಂದನ್ನು ನೆಲದ ಮೇಲಿಟ್ಟು ಒಂಟಿಕಾಲಲ್ಲಿ ಹತ್ತಿ ಇಳಿಯುವ ವ್ಯಾಯಾಮವನ್ನು ಮನೆಯಲ್ಲೇ ಮಾಡುತ್ತಿದ್ದ. ನಮ್ಮ ಧಡ್ ಅದೇ. ಹೆಂಡತಿ ಮತ್ತು ಪುಟ್ಟ ಮಗಳು ಹಬ್ಬಕ್ಕೆಂದು ಸ್ವೀಡನ್ನಿಗೆ ಹೋಗಿ ಅಲ್ಲೇ ಉಳಿದುಕೊಂಡಿದ್ದರು. ಗಡಿ ಮುಚ್ಚಿದ್ದರಿಂದ ಬರುವಂತಿರಲಿಲ್ಲ. ನಮ್ಮ ಮನೆಯಲ್ಲಿ ಹೋಗಲಾಗದವರು ಒಬ್ಬರು, ಅವನ ಮನೆಗೆ ಬರಲಾಗದವರು ಇಬ್ಬರು. ಅತ್ತೆ ಒಂದು ತೀರ್ಮಾನ ಕೊಟ್ಟರು: “ಒಳಗೆ ಕುಣಿದು ಜನಕ್ಕೆ ತೊಂದ್ರೆ ಕೊಡೋದು ಬೇಡ. ಬೆಳಿಗ್ಗೆ ಹಿಂದಿನ ಪಾರ್ಕಿಗೆ ಬರ್ಲಿ, ನಾನೂ ಬರ್ತೀನಿ.”

ಮಂಡಿ ಬದಲಾಯಿಸಬೇಕೆಂದು ತುಮಕೂರಿನ ಡಾಕ್ಟರು ಹೇಳಿದ್ದಕ್ಕೆ ಹೆದರಿ ವರ್ಷಗಟ್ಟಲೆ ಮುಂದೂಡಿದ್ದ ಅತ್ತೆ, ಹೀಗೆ ಒಬ್ಬ ವೃತ್ತಿಪರ ಆಟಗಾರನ ಜೊತೆ ತರಬೇತಿಗಿಳಿದರು. ಎರಡು ಬೆಂಚುಗಳ ನಡುವೆ ನಿಯಮದ ಅಂತರ. ಮಂಡಿಯ ಕೆಳಗೆ ಸುತ್ತಿದ ಟವೆಲಿಟ್ಟು ಒತ್ತುವುದು, ಕಾಲು ನೀಟಾಗಿ ಚಾಚುವುದು, ಹಿಡಿದು ನಿಲ್ಲಿಸುವುದು. ಕ್ಲಬ್ಬಿನ ವೈದ್ಯರು ಅವನಿಗೆ ಹೇಳಿಕೊಟ್ಟದ್ದನ್ನು ಅವನು ಅತ್ತೆಯ ವಯಸ್ಸಿಗೆ ತಕ್ಕಂತೆ ಇಳಿಸಿಕೊಟ್ಟ. ಎಣಿಸುವ ಅಧಿಕಾರ ಅತ್ತೆಯದು. “ಒಂದೂ... ಎರಡೂ... ಏಯ್, ಮೋಸ ಮಾಡ್ಬೇಡ, ಕಾಲು ಇಳೀತು, ಮತ್ತೆ ಒಂದು!” ಕೆಲವೇ ದಿನಗಳಲ್ಲಿ ಅವನು ಹತ್ತರವರೆಗೆ ಕನ್ನಡದಲ್ಲಿ ಎಣಿಸತೊಡಗಿದ, ನಾಯಿ ಹಿಡಿದುಕೊಂಡು ಬರುತ್ತಿದ್ದ ಜಪಾನೀ ಅಜ್ಜಿಯರು ಅದನ್ನು ಸ್ವೀಡಿಷ್ ಎಂದುಕೊಂಡರು. ನನ್ನನ್ನೂ ಸೇರಲು ಕರೆದರು. ನನಗೆ ಮೀಟಿಂಗ್ ಇತ್ತು. ಇಲ್ಲಿಯ ಬೇಸಿಗೆಯಲ್ಲಿ ಊರಿಗೆ ಒಂದು ವಿಶೇಷ ವಿಮಾನ ಹೊರಟಾಗ ನಾನು ಬಹಳ ಓಡಾಡಿ ಅತ್ತೆಗೆ ಸೀಟು ಹೊಂದಿಸಿದೆ. ಅಳಿಯನ ಆ ಉತ್ಸಾಹದ ಹಿಂದೆ ಚಡ್ಡಿಯ ಆಸೆ ಇತ್ತೆಂದು ಸುಮಾ ಈಗಲೂ ಹೇಳುತ್ತಾಳೆ. ಅತ್ತೆ ಹೋಗಲಿಲ್ಲ. “ಅವನ ಕಾಲು ಅರ್ಧಕ್ಕೆ ಬಿಟ್ಟು ಹೇಗೆ ಹೋಗ್ಲಿ?” ಎಂದರು.

ಆಟಗಳು ಮತ್ತೆ ಶುರುವಾದವು. ಒಲ್ಲೆ ಕ್ಲಬ್ಬಿನ ತರಬೇತಿಗೆ ಹೋಗತೊಡಗಿದ. ಹಾಗೆ ಕೆಲವು ವಾರ ಕಳೆದ ಮೇಲೆ ಒಂದು ದಿನ ಪಾರ್ಕಿಗೆ ಬರಲಿಲ್ಲ, ಮರುದಿನವೂ ಇಲ್ಲ. ಮೇಲೆ ಹೆಜ್ಜೆಸದ್ದೂ ಇರಲಿಲ್ಲ. ಅತ್ತೆ ತಿಳಿಸಾರಿನ ಡಬ್ಬಿ ಹಿಡಿದು ಹತ್ತಿದರು. ಭಾಷೆಗೆ ಬೇಕೆಂದು ನನ್ನನ್ನೂ ಸುಮಾಳನ್ನೂ ಕರೆದೊಯ್ದರು. ತೆರೆದ ಬಾಗಿಲ ಒಳಗೆ ನೆಲದ ಮೇಲೆ ಕೂತಿದ್ದ ಅವನ ಮಂಡಿ ಊದಿತ್ತು. ವರ್ಷದ ಕೊನೆಗೆ ಒಪ್ಪಂದ ಮುಗಿಯುತ್ತದೆ, ಮುಂದುವರಿಸುವುದಿಲ್ಲವೆಂದು ಕ್ಲಬ್ಬಿನವರು ಬಹಳ ಬಾಗಿ, ಬಹಳ ಕ್ಷಮೆ ಕೇಳಿ ತಿಳಿಸಿದ್ದರಂತೆ. ಅವನ ಜಾಗದಲ್ಲಿ ಆಡುತ್ತಿದ್ದ ಹೊಸಬ ಚೆನ್ನಾಗಿ ಆಡುತ್ತಿದ್ದ. ಒಲ್ಲೆ ಅಂದು ಮೊದಲ ಬಾರಿಗೆ ತನ್ನ ಕಥೆ ಹೇಳಿಕೊಂಡ. ಸ್ವೀಡನ್ನಿನ ಉತ್ತರದ ಒಂದು ಸಣ್ಣ ಊರು, ಅಪ್ಪನಿಗೆ ಮರ ಕೊಯ್ಯುವ ಕಾರ್ಖಾನೆಯಲ್ಲಿ ಕೆಲಸ. ಅರ್ಧ ವರ್ಷ ಮೈದಾನವೇ ಹಿಮದಡಿ ಇರುವುದರಿಂದ ಶಾಲೆಯ ಒಳಾಂಗಣದಲ್ಲಿ ಆಡಿ ಬೆಳೆದವನು. ಮೀಸೆ ಚಿಗುರುವ ಮುಂಚೆಯೇ ಊರು ಬಿಟ್ಟು ದಕ್ಷಿಣಕ್ಕೆ, ಅಲ್ಲಿಂದ ಡೆನ್ಮಾರ್ಕಿಗೆ, ಅಲ್ಲಿಂದ ಇಲ್ಲಿಗೆ. ದೇಶದ ತಂಡಕ್ಕೆ ಒಂದೇ ಸಲ ಕರೆ ಬಂದಿತ್ತು. ಜರ್ಸಿ ತೊಟ್ಟು, ಬೆಂಚಿನಲ್ಲಿ ಕೂತು, ಆಟ ನೋಡಿ ಮನೆಗೆ ಬಂದ. “ನಾನು ಗೋಲು ಹೊಡೆಯುವವನೂ ಅಲ್ಲ, ತಡೆಯುವವನೂ ಅಲ್ಲ,” ಎಂದ ಇಂಗ್ಲಿಷಿನಲ್ಲಿ. “ಒಬ್ಬನಿಂದ ಚೆಂಡು ತೆಗೆದುಕೊಂಡು ಇನ್ನೊಬ್ಬನಿಗೆ ಕೊಡುವವನು. ನಾನು ಇದ್ದಾಗ ಯಾರಿಗೂ ಗೊತ್ತಾಗುವುದಿಲ್ಲ.” ಇದು ನನ್ನದೇ ಹುದ್ದೆಯ ವಿವರಣೆ. ಬೆವರು ಮಾತ್ರ ಅವನದು.

ಅತ್ತೆ ಸಾರಿನ ಡಬ್ಬಿ ಕೆಳಗಿಟ್ಟರು. “ನಾನು ರಿಟೈರ್ ಆದ ದಿನ ಹಾರ ಹಾಕಿದ್ರು ಕಣಪ್ಪ, ಹಣ್ಣಿನ ಬುಟ್ಟಿ ಕೊಟ್ರು, ಫೋಟೋ ತೆಗೆದ್ರು. ಮಾರನೇ ದಿನ ಬೆಳಿಗ್ಗೆ ಬೆಲ್ ಹೊಡೆಯೋ ಹೊತ್ತಿಗೆ ಸೀರೆ ಉಟ್ಕೊಂಡು ರೆಡಿಯಾಗಿ ಕೂತಿದ್ದೆ. ಎಲ್ಲಿಗೆ ಹೋಗ್ಬೇಕು ಅಂತ ಯಾರೂ ಹೇಳ್ಲಿಲ್ಲ. ಆ ಸಂಕಟ ನಂಗೆ ಗೊತ್ತು. ಆದ್ರೆ ನಿಂಗಿನ್ನೂ ಯಾರೂ ಹಾರ ಹಾಕಿಲ್ಲ. ವರ್ಷ ಮುಗಿಯೋ ತನಕ ನಿಂಗೆ ಕೆಲ್ಸ ಇದೆ. ಊತ ಇಳೀಲಿ, ನಾಳಿದ್ದು ಕೆಳಗೆ ಬಾ.”

ಎಲ್ಲರೂ ನನ್ನ ಕಡೆ ನೋಡಿದರು. ನಾನು ಗಂಟಲು ಸರಿಮಾಡಿಕೊಂಡು, ‘ಕೆಳಗೆ ಬರಬೇಕಂತೆ’ ಎಂದು ಇಂಗ್ಲಿಷಿನಲ್ಲಿ ಹೇಳಿದೆ.

“ಅಮ್ಮ ಅಷ್ಟು ಹೇಳಿದ್ದಕ್ಕೆ ಇಷ್ಟೇನಾ?” ಎಂದು ಸುಮಾ ನನ್ನನ್ನು ಪಕ್ಕಕ್ಕೆ ಸರಿಸಿ ಪೂರ್ತಿ ಹೇಳಿದಳು. ಒಲ್ಲೆ ಸಾರಿನ ಡಬ್ಬಿಯ ಮುಚ್ಚಳ ತೆಗೆದು, ಕಾಫಿಯಂತೆ ಗುಟುಕರಿಸಿ, ಮೆಣಸಿಗೆ ಕೆಮ್ಮಿ, ಕಣ್ಣೊರೆಸಿಕೊಂಡ. ಕಣ್ಣೀರು ಮೆಣಸಿನದೇ ಎಂದು ನಾವೆಲ್ಲ ಒಪ್ಪಿಕೊಂಡೆವು.

ಎಲೆಗಳು ಕೆಂಪಾಗುವ ಕಾಲಕ್ಕೆ ಅವನ ಹೆಸರು ಬದಲಿ ಆಟಗಾರರ ಸಾಲಿನಲ್ಲಿ ಬಂತು. ನಮಗೆ ಟಿಕೆಟು ಕೊಟ್ಟ. ಸ್ಟೇಡಿಯಂನಲ್ಲಿ ಒಂದು ಬಿಟ್ಟು ಒಂದು ಸೀಟು. ಕೂಗುವಂತಿಲ್ಲ, ಹಾಡುವಂತಿಲ್ಲ, ಚಪ್ಪಾಳೆ ಮಾತ್ರ. ಸಾವಿರಾರು ಜನ ಸೇರಿ ಮೌನವಾಗಿ ಉದ್ವೇಗಪಡುವುದನ್ನು ನಾನು ಅಲ್ಲಿಯೇ ಕಂಡದ್ದು. ನಮ್ಮ ಸೀಟು ಬಹಳ ಎತ್ತರದಲ್ಲಿತ್ತು. ಅತ್ತೆಯ ಕೈ ಹಿಡಿಯಲೆಂದು ತಿರುಗಿ ನೋಡಿದರೆ ಅವರು ಆಗಲೇ ಮೇಲೆ ಹತ್ತಿ ನಿಂತು, “ಬನ್ನಿ ಅಳಿಯಂದ್ರೇ, ನಿಧಾನ,” ಎನ್ನುತ್ತಿದ್ದರು. ಕಂಬಿ ಹಿಡಿದಿರಲಿಲ್ಲ. ಸುಮಾ ನನ್ನ ತೋಳು ಒತ್ತಿದಳು.

ಆಟ ಮುಗಿಯಲು ಸ್ವಲ್ಪವೇ ಸಮಯವಿದ್ದಾಗ ಒಲ್ಲೆ ಇಳಿದ. ಓಟ ಮೊದಮೊದಲು ಬಿಗಿಯಾಗಿತ್ತು. ಎರಡು ಬಾರಿ ಚೆಂಡು ಕಳೆದುಕೊಂಡ. ಮೂರನೆಯ ಸಲ ಎದುರಾಳಿಯ ಕಾಲಿನಿಂದ ಅದನ್ನು ಮೆತ್ತಗೆ ಕಸಿದು, ತಲೆ ಎತ್ತಿ ನೋಡಿ, ಯಾರೂ ಇಲ್ಲದ ಜಾಗಕ್ಕೆ ಉದ್ದವಾಗಿ ತಳ್ಳಿದ. ‘ಛೆ, ಹಾಳಾಯಿತು’ ಎಂದುಕೊಂಡೆ. ಅಷ್ಟರಲ್ಲಿ ಆ ಖಾಲಿ ಜಾಗಕ್ಕೆ ಅವನ ತಂಡದ ಹುಡುಗನೊಬ್ಬ ಓಡಿಬಂದು ತಲುಪಿದ, ಅವನು ಇನ್ನೊಬ್ಬನಿಗೆ ಕೊಟ್ಟ, ಗೋಲು! ಎಲ್ಲರೂ ಹೊಡೆದವನ ಕಡೆ ಓಡಿದರು. ಹೊಡೆದವನು ಮಾತ್ರ ಅವರನ್ನೆಲ್ಲ ದಾಟಿ ಓಡಿಬಂದು ಒಲ್ಲೆಯ ಕುತ್ತಿಗೆಗೆ ಜೋತುಬಿದ್ದ. “ಭಲೇ ಒಲ್ಲೆ! ಭಲೇ ನನ್ನಪ್ಪಾ!” ಆ ಸ್ಟೇಡಿಯಂನಲ್ಲಿ ಆ ದಿನ ಕೇಳಿದ ಒಂದೇ ಮನುಷ್ಯ ದನಿ ನಮ್ಮ ಅತ್ತೆಯದು. ‘ದಯವಿಟ್ಟು ಕೂಗಬೇಡಿ’ ಎಂಬ ಫಲಕ ಹಿಡಿದ ತರುಣಿಯೊಬ್ಬಳು ಓಡಿಬಂದು ಬಗ್ಗಿದಳು. ನಾನು ಬಗ್ಗಿದೆ. ಅತ್ತೆಯೂ ಬಗ್ಗಿದರು, ನಗುತ್ತಾ. ಕೆಳಗೆ ಮೈದಾನದಲ್ಲಿ ಒಬ್ಬ ಉದ್ದನೆಯ ಮನುಷ್ಯ ನಮ್ಮತ್ತ ತಿರುಗಿ ಕೈ ಎತ್ತಿದ್ದ.

ಆ ಕ್ಲಬ್ಬು ಅವನನ್ನು ಇಟ್ಟುಕೊಳ್ಳಲಿಲ್ಲ. ಆದರೆ ಆ ಕೆಲವು ನಿಮಿಷಗಳನ್ನು ಬೇರೆ ಯಾರೋ ನೋಡಿದ್ದರು. ಹೊಸ ವರ್ಷಕ್ಕೆ ದಕ್ಷಿಣದಲ್ಲಿ ಫುಕುವೋಕಾದ ಆಚೆಯ ಒಂದು ಸಣ್ಣ ಊರಿನ, ಕೆಳದರ್ಜೆಯ ಕ್ಲಬ್ಬು ಅವನನ್ನು ಕರೆಯಿತು. ಆಡುತ್ತಲೇ ಹುಡುಗರಿಗೆ ಕಲಿಸುವ ಕೆಲಸವೂ ಉಂಟು. ಗಡಿ ತೆರೆದಾಗ ಹೆಂಡತಿ ಮಗಳು ನೇರವಾಗಿ ಅಲ್ಲಿಗೇ ಬಂದಿಳಿದರು. ಅತ್ತೆ ವಿಮಾನ ನಿಲ್ದಾಣದಲ್ಲಿ ಗಾಲಿಕುರ್ಚಿ ಬೇಡವೆಂದು ಹೇಳಿ ತಾವೇ ಚೀಲ ಎಳೆದುಕೊಂಡು ತುಮಕೂರಿಗೆ ಹೊರಟರು.

ಇನ್ನು ನಾನು. ಒಬ್ಬ ವೃತ್ತಿಪರ ಮಿಡ್‌ಫೀಲ್ಡರ್ ನನಗೆ ಆಪ್ತನೆಂದು ಆಫೀಸಿನಲ್ಲಿ ಒಂದೆರಡು ಬಾರಿ ಹೇಳಿದ್ದುಂಟು. ಅವನ ತರಬೇತಿ ನಮ್ಮ ಪಾರ್ಕಿನಲ್ಲೇ ನಡೆಯಿತೆಂದೂ ‘ನಾವು’ ದಿನಾ ಬೆಳಿಗ್ಗೆ ಅಭ್ಯಾಸ ಮಾಡುತ್ತಿದ್ದೆವೆಂದೂ ಹೇಳಿರಬಹುದು. ಜಪಾನೀ ಭಾಷೆಯಲ್ಲಿ ಕರ್ತೃಪದವನ್ನು ಬಿಟ್ಟುಬಿಡಬಹುದಾದ್ದರಿಂದ ಇಂಥ ತೊಂದರೆಗಳಾಗುತ್ತವೆ. ನಿರ್ಬಂಧಗಳು ಸಡಿಲವಾದ ಮೇಲೆ ಹಯಾಶಿ ಸಾನ್ ವಿಭಾಗದ ಫುಟ್‌ಬಾಲ್ ತಂಡಕ್ಕೆ ನನ್ನನ್ನು ಬಹಳ ಗೌರವದಿಂದ ಆಹ್ವಾನಿಸಿದರು. ಬೇಡ ಎನ್ನಲು ನನಗೆ ಬರುವುದಿಲ್ಲ. ಹೊಸ ಷೂ ಕೊಂಡೆ, ಮಿಡ್‌ಫೀಲ್ಡಿನ ಜಾಗವನ್ನೇ ಕೊಟ್ಟರು. ಈಗ ಕಾಲಿಗೆ ಪಟ್ಟಿ ಕಟ್ಟಿ ಮಲಗಿದ್ದೇನೆ. ಫೋನಿನ ಪರದೆಯ ಒಂದು ಭಾಗದಲ್ಲಿ ತುಮಕೂರಿನಿಂದ ಅತ್ತೆ, ಇನ್ನೊಂದು ಭಾಗದಲ್ಲಿ ಒಲ್ಲೆ. ‘ಟ್ಯಾಕಲ್ ಆಯಿತೇ? ಎದುರಾಳಿ ಯಾವ ಕಡೆಯಿಂದ ಬಂದ?’ ಎಂದು ಅವನು ಬಹಳ ಕಾಳಜಿಯಿಂದ ಕೇಳಿದ. ಎಡಗಡೆಯಿಂದ ಬಂದನೆಂದೂ ಭಾರೀ ಆಳೆಂದೂ ಹೇಳಿದೆ. ಸುಮಾ ಕಾಫಿ ಹಿಡಿದು ಬಾಗಿಲಲ್ಲೇ ನಿಂತಿದ್ದಳು. “ಆಟ ಎಲ್ಲಿ ಶುರುವಾಗಿತ್ತಮ್ಮಾ?” ಎಂದಳು ಫೋನಿನ ಕಡೆ ಬಗ್ಗಿ. “ಇವ್ರು ಷೂ ಲೇಸ್ ಕಟ್ಕೊಂಡು ಬೆಂಚಿಂದ ಏಳ್ತಾನೇ ಕಾಲು ಉಳುಕಿಸ್ಕೊಂಡ್ರು.”